ಹಾಡಿಗೊಂದು ಅಂಕಿತ

ತೆಲುಗು ಚಿತ್ರಗೀತೆಗಳ ತವರಾದ ನಮ್ಮ ಹೈದರಾಬಾದಿನಲ್ಲಿ ಹಾಡುವ ಹೆಣ್ಣುದನಿಗಳಿಗೆ ಕೊರತೆಯಿಲ್ಲ. ಆದರೆ ಗೀತರಚನಕಾರರ ಪಟ್ಟಿಯಲ್ಲಿ ಮಹಿಳೆಯರ ಹೆಸರು ಇಂದಿಗೂ ವಿರಳ. 2016ರ ‘ಪೆಳ್ಳಿ ಚೂಪುಲು’, 2017ರ ‘ಅರ್ಜುನ್ ರೆಡ್ಡಿ’ ಚಿತ್ರಗಳಿಗೆ ಹಾಡು ಬರೆದ ಶ್ರೇಷ್ಠ ಅವರದು ಅಂಥ ವಿರಳ ಹೆಸರುಗಳಲ್ಲೊಂದು. ಆ ಹಾಡುಗಳನ್ನು ಗುನುಗುವವರಲ್ಲಿ ಎಷ್ಟು ಮಂದಿ ಬರೆದವರನ್ನು ಬಲ್ಲರು?

ಜನಪ್ರಿಯ ಸಂಗೀತದಲ್ಲಿ ತರುಣಿಯೊಬ್ಬಳು ‘ಇದು ನನ್ನ ಕೃತಿ’ ಎಂದಾಗ ಏಳುವ ಮೊದಲ ಸಂದೇಹವೇ ‘ನಿಜಕ್ಕೂ ಬರೆದವರು ಯಾರು?’ ಎಂಬುದು. ಅಮೆರಿಕದ ಟೇಲರ್ ಸ್ವಿಫ್ಟ್ ಕೂಡ ಈ ಮಾತು ಕೇಳಬೇಕಾಯಿತು. ಇಪ್ಪತ್ತರ ಹರೆಯದಲ್ಲಿ, 2010ರಲ್ಲಿ, ಸಹಲೇಖಕರ ನೆರವಿಲ್ಲದೆ ತಾವೊಬ್ಬರೇ ಬರೆದ ‘ಸ್ಪೀಕ್ ನೌ’ ಗೀತಸಂಪುಟ ಅದಕ್ಕೆ ಅವರ ಉತ್ತರವಾಯಿತು. 2019ರಲ್ಲಿ ಅವರ ಮೊದಲ ಆರು ಸಂಪುಟಗಳ ಮೂಲ ಧ್ವನಿಮುದ್ರಣಗಳು ಪರರ ಪಾಲಾದವು. ಗೀತೆಗಳ ಕರ್ತೃತ್ವದ ಹಕ್ಕು ತಮ್ಮಲ್ಲೇ ಉಳಿದಿದ್ದರಿಂದ ಅವರು 2021 ಮತ್ತು 2023ರಲ್ಲಿ ನಾಲ್ಕು ಸಂಪುಟಗಳನ್ನು ಹೊಸದಾಗಿ ಹಾಡಿ ಹೊರತಂದರು. 2025ರಲ್ಲಿ ಮೂಲ ಮುದ್ರಣಗಳನ್ನೂ ಕೊಂಡುಕೊಂಡರು.

ಅಷ್ಟು ಧನಬಲ ನಮ್ಮ ಯುವ ಲೇಖಕಿಯರಿಗೆಲ್ಲಿಯದು? ಅವರ ಬೆನ್ನಿಗಿರುವುದು ಕಾನೂನು. ಜಾವೇದ್ ಅಖ್ತರ್ ಅವರು ರಾಜ್ಯಸಭೆಯಲ್ಲಿ ಬಲವಾಗಿ ಪ್ರತಿಪಾದಿಸಿದ 2012ರ ಕೃತಿಸ್ವಾಮ್ಯ ತಿದ್ದುಪಡಿಯ ಪ್ರಕಾರ, ಚಿತ್ರಮಂದಿರದ ಪ್ರದರ್ಶನವನ್ನುಳಿದು ಬೇರೆ ಬಳಕೆಗಳಿಂದ ಬರುವ ರಾಯಲ್ಟಿಯಲ್ಲಿ ಚಿತ್ರಗೀತೆಯನ್ನು ಬರೆದವರಿಗೂ ಸ್ವರ ಹಾಕಿದವರಿಗೂ ಸಮಪಾಲಿದೆ. ಆ ಪಾಲನ್ನು ಅವರು ನಿರ್ಮಾಪಕರಿಗೆ ಬಿಟ್ಟುಕೊಡುವಂತಿಲ್ಲ. ಆದರೆ ಬರೆದವರ ಹೆಸರೇ ಮರೆಯಾದಲ್ಲಿ ಪಾಲನ್ನು ಕೇಳುವ ಬಗೆ ಹೇಗೆ?

ಈ ಪ್ರಶ್ನೆಯ ಮಹತ್ವವನ್ನು ಕನ್ನಡಿಗರಾದ ನಮಗೆ ವಿವರಿಸಿ ಹೇಳಬೇಕಾಗಿಲ್ಲ. ‘ಚೆನ್ನಮಲ್ಲಿಕಾರ್ಜುನ’ ಎಂದೊಡನೆ ಅಕ್ಕಮಹಾದೇವಿ, ‘ಭೀಮೇಶಕೃಷ್ಣ’ ಎಂದೊಡನೆ ಹರಪನಹಳ್ಳಿ ಭೀಮವ್ವ ನೆನಪಾಗುತ್ತಾರೆ. ಅಂಕಿತ ದೇವರದಾದರೂ ಅದು ಕರ್ತೃವಿನ ಗುರುತನ್ನು ಕಾಪಾಡಿತು. ಬಾಯಿಂದ ಬಾಯಿಗೆ ಸಾಗಿದರೂ ಆ ನುಡಿಗಳು ಅನಾಮಿಕವಾಗಲಿಲ್ಲ.

ಸುಗಮ ಸಂಗೀತದ ವೇದಿಕೆಗಳಲ್ಲಿ ಕವಿಯ ಹೆಸರು ಹೇಳಿಯೇ ಹಾಡುವ ಸತ್ಸಂಪ್ರದಾಯ ನಮ್ಮಲ್ಲಿದೆ. ಅದನ್ನು ಚಿತ್ರಗೀತೆಗೂ ಪಾಪ್ ಗೀತೆಗೂ ವಿಸ್ತರಿಸೋಣ. ಹೊರನಾಡಿನ ನಮ್ಮ ರಾಜ್ಯೋತ್ಸವಗಳಲ್ಲಿ ನಮ್ಮ ಹೆಣ್ಣುಮಕ್ಕಳು ತಾವೇ ಬರೆದು ಸ್ವರ ಹಾಕಿದ ಹಾಡುಗಳಿಗೂ ಅವಕಾಶವಿರಲಿ. ಹಾಡು ಹೀಗಿರಬೇಕು, ಹಾಗಿರಬೇಕು ಎಂದು ತಿದ್ದಲು ಹೊರಡುವ ಮೊದಲು ಹಿರಿಯರಾದ ನಾವು ಅದನ್ನು ಒಮ್ಮೆ ಪೂರ್ತಿಯಾಗಿ ಕೇಳೋಣ.