ಅಪಾಯ ಯಾರದು, ಲಾಭ ಯಾರದು?

ನಮ್ಮ ಪ್ರೆಸ್ಸಿನಲ್ಲಿ ಡಿಟಿಪಿ ಮಾಡುವ ಹುಡುಗನೊಬ್ಬ ಮೊನ್ನೆ ಮೂರು ತಿಂಗಳ ಸಂಬಳ ಮುಂಗಡ ಕೇಳಿದ. ಮನೆಯಲ್ಲಿ ಯಾರಿಗಾದರೂ ಹುಷಾರಿಲ್ಲವೇನಪ್ಪ ಎಂದೆ. ತಲೆ ತಗ್ಗಿಸಿದ. ಬಾಯಿ ಬಿಡಿಸಿದಾಗ ಗೊತ್ತಾಯಿತು, ತಂಗಿಯ ಕಾಲೇಜು ಫೀಸಿಗೆಂದು ಇಟ್ಟಿದ್ದ ಅರವತ್ತು ಸಾವಿರವನ್ನು ಮೊಬೈಲಿನಲ್ಲಿ ಆಪ್ಷನ್ ಆಡಿ ಎರಡೇ ವಾರದಲ್ಲಿ ಕಳೆದುಕೊಂಡಿದ್ದಾನೆ. ಮುಂಗಡ ಕೇಳಿದ್ದು ಫೀಸು ಕಟ್ಟಲಿಕ್ಕಲ್ಲ, ಹೋದದ್ದನ್ನು ವಾಪಸ್ ಗೆಲ್ಲಲಿಕ್ಕೆ!

ಅವನು ದಡ್ಡನಲ್ಲ. ಕುಡುಕನಲ್ಲ. ರಾತ್ರಿ ಹತ್ತರವರೆಗೆ ಕೂತು ಪುಟ ಕಟ್ಟುವ ಹುಡುಗ. ಅವನಂಥವರು ಈ ದೇಶದಲ್ಲಿ ಒಬ್ಬಿಬ್ಬರಲ್ಲ. ಷೇರುಪೇಟೆ ಕಾಯುವ ಸೆಬಿಯೇ 2024ರಲ್ಲಿ ಲೆಕ್ಕ ಕೊಟ್ಟಿದೆ. 2021-22ರಿಂದ ಮೂರು ವರ್ಷ ಫ್ಯೂಚರ್ಸ್, ಆಪ್ಷನ್ಸ್ ವ್ಯವಹಾರಕ್ಕಿಳಿದ ಒಂದು ಕೋಟಿಗೂ ಹೆಚ್ಚು ಸಾಮಾನ್ಯರಲ್ಲಿ ನೂರಕ್ಕೆ 93 ಮಂದಿ ಕಳೆದುಕೊಂಡರು. ಒಟ್ಟು ನಷ್ಟ 1.8 ಲಕ್ಷ ಕೋಟಿ ರೂಪಾಯಿ ಮೀರಿದೆ. 2023-24ರಲ್ಲಿ ಆಡಿದವರಲ್ಲಿ ನೂರಕ್ಕೆ 43 ಮಂದಿ ಮೂವತ್ತು ವರ್ಷದೊಳಗಿನವರು. ಮುಕ್ಕಾಲು ಪಾಲಿಗಿಂತ ಹೆಚ್ಚು ಜನರ ವರ್ಷದ ಆದಾಯ ಐದು ಲಕ್ಷಕ್ಕಿಂತ ಕಡಿಮೆ. ಅಂದರೆ ಯಾರು? ನೀವೇ, ಗೆಳೆಯರೇ!

ಹಾಗಾದರೆ ಈ ದುಡ್ಡು ಎಲ್ಲಿಗೆ ಹೋಯಿತು? ಅದೇ 2023-24ರಲ್ಲಿ ದೊಡ್ಡ ಸಂಸ್ಥೆಗಳ ಸ್ವಂತ ಟ್ರೇಡಿಂಗ್ ವಿಭಾಗಗಳು ಖರ್ಚು ಕಳೆಯುವ ಮುಂಚೆ 33 ಸಾವಿರ ಕೋಟಿ, ವಿದೇಶಿ ಹೂಡಿಕೆದಾರರು 28 ಸಾವಿರ ಕೋಟಿ ಗಳಿಸಿದರು. ಅದರಲ್ಲಿ ಬಹುಪಾಲು ಗಳಿಸಿದ್ದು ಮನುಷ್ಯರಲ್ಲ, ಕಂಪ್ಯೂಟರ್ ಪ್ರೋಗ್ರಾಮುಗಳು. ಬಸ್ಸಿನಲ್ಲಿ ನಿಂತುಕೊಂಡು ಮೊಬೈಲು ಒತ್ತುವ ನಮ್ಮ ಹುಡುಗ ಆ ಯಂತ್ರದ ಎದುರು ಕುಸ್ತಿಗೆ ಇಳಿದಿದ್ದಾನೆ.

ಡೆರಿವೇಟಿವ್ ಎಂಬುದು ಹುಟ್ಟಿನಿಂದ ಜೂಜಲ್ಲ. ನನ್ನ ಕಸುಬಿನಿಂದಲೇ ಹೇಳುತ್ತೇನೆ. ಮದುವೆ ಸೀಸನ್ನಿನ ಕಾರ್ಡಿಗೆ ಎರಡು ತಿಂಗಳು ಮೊದಲೇ ರೇಟು ಒಪ್ಪಿಕೊಂಡಿರುತ್ತೇನೆ. ಅಷ್ಟರಲ್ಲಿ ಕಾಗದದ ಬೆಲೆ ಏರಿದರೆ ನಾನು ಮುಳುಗಿದೆ. ಅದಕ್ಕೇ ಕಾಗದದ ವ್ಯಾಪಾರಿಯ ಹತ್ತಿರ ಇವತ್ತೇ ಬೆಲೆ ನಿಗದಿ ಮಾಡಿಕೊಳ್ಳುತ್ತೇನೆ. ಇದೇ ಫ್ಯೂಚರ್ಸಿನ ಮೂಲ. ಸ್ವಲ್ಪ ಹಣ ಕೊಟ್ಟು, ಬೇಕಾದರೆ ಆ ಬೆಲೆಗೆ ಕೊಳ್ಳುತ್ತೇನೆ, ಬೇಡವಾದರೆ ಕೊಟ್ಟ ಹಣ ನಿನಗೇ ಇರಲಿ ಎಂದರೆ ಅದು ಆಪ್ಷನ್. ನನಗಿದ್ದ ಅಪಾಯವನ್ನು ಇನ್ನೊಬ್ಬನಿಗೆ ದಾಟಿಸಿದೆ ಅಷ್ಟೆ. ಆದರೆ ಪ್ರೆಸ್ಸೂ ಇಲ್ಲದ, ಆರ್ಡರೂ ಇಲ್ಲದ ಒಬ್ಬ ದಾರಿಹೋಕ ಬಂದು ಕಾಗದದ ಬೆಲೆಯ ಮೇಲೆ ದುಡ್ಡು ಕಟ್ಟಿದರೆ? ಅವನಿಗೆ ದಾಟಿಸಲು ಅಪಾಯವೇ ಇರಲಿಲ್ಲ. ಕಾಸು ಕೊಟ್ಟು ಅಪಾಯ ಕೊಂಡುಕೊಂಡ!

ಹಣಕಾಸು ಅರೆದು ಕುಡಿದವರೂ ಇಲ್ಲಿ ಬಿದ್ದಿದ್ದಾರೆ. 1762ರಲ್ಲಿ ಹುಟ್ಟಿದ ಲಂಡನ್ನಿನ ಬೇರಿಂಗ್ಸ್ ಬ್ಯಾಂಕನ್ನು 1995ರಲ್ಲಿ ನಿಕ್ ಲೀಸನ್ ಎಂಬ ಒಬ್ಬನೇ ನೌಕರ ಸಿಂಗಪುರದಲ್ಲಿ ಕೂತು ಮುಳುಗಿಸಿದ. ನಷ್ಟ ಮುಚ್ಚಲು ದುಪ್ಪಟ್ಟು ಕಟ್ಟಿದ, ಅದನ್ನು ಮುಚ್ಚಲು ಮತ್ತೆ ಕಟ್ಟಿದ. 82 ಕೋಟಿ ಪೌಂಡಿಗೂ ಹೆಚ್ಚು ಹೋಯಿತು. ಕೊನೆಗೆ ಬ್ಯಾಂಕು ಮಾರಾಟವಾದದ್ದು ಒಂದು ಪೌಂಡಿಗೆ. ಮುಂಗಡ ಕೇಳಿದ ನನ್ನ ಹುಡುಗನ ರೋಗವೂ ಇದೇ.

ಹತ್ತರಲ್ಲಿ ಒಂಬತ್ತು ಮಂದಿ ಕಳೆದುಕೊಳ್ಳುತ್ತಾರೆ ಎಂಬ ಎಚ್ಚರಿಕೆಯನ್ನು 2023ರ ಜುಲೈನಿಂದ ಬ್ರೋಕರುಗಳು ತೋರಿಸಲೇಬೇಕು. ನಮ್ಮ ಹುಡುಗನ ಮೊಬೈಲಿನಲ್ಲೂ ಬಂದಿತ್ತು, ಇಂಗ್ಲಿಷಿನಲ್ಲಿ. ಓದದೆ ಓಕೆ ಒತ್ತಿದ. ಆದರೆ ಅವನಿಗೆ ದಾರಿ ತೋರಿದ ಯೂಟ್ಯೂಬ್ ಗುರು ಮಾತ್ರ ಅಚ್ಚಕನ್ನಡದವನು! ಆಸೆ ಹುಟ್ಟಿಸಲಿಕ್ಕೆ ಕನ್ನಡ, ಎಚ್ಚರಿಸಲಿಕ್ಕೆ ಇಂಗ್ಲಿಷ್. ಇದ್ಯಾವ ನ್ಯಾಯ? ಕನ್ನಡಿಗನ ದುಡ್ಡು ಬೇಕಾದವರು ಎಚ್ಚರಿಕೆಯನ್ನೂ ಕನ್ನಡದಲ್ಲಿ, ದಪ್ಪ ಅಕ್ಷರದಲ್ಲಿ ಹಾಕಲಿ.

ಹಾಗಾದರೆ ದುಡ್ಡನ್ನು ಟ್ರಂಕಿನಲ್ಲಿಡಬೇಕೇ? ಬೇಡ. 2021ರ ನವೆಂಬರಿನಲ್ಲಿ ರಿಸರ್ವ್ ಬ್ಯಾಂಕು ರಿಟೇಲ್ ಡೈರೆಕ್ಟ್ ಎಂಬ ಬಾಗಿಲು ತೆರೆದಿದೆ. ಹತ್ತು ಸಾವಿರದಿಂದ ಸರ್ಕಾರಿ ಬಾಂಡು ಕೊಳ್ಳಬಹುದು. ನಮ್ಮ ಕರ್ನಾಟಕ ಸರ್ಕಾರವೇ ಸಾಲ ಎತ್ತುವ ಬಾಂಡುಗಳೂ ಅಲ್ಲುಂಟು. ಆರು ತಿಂಗಳಿಗೊಮ್ಮೆ ಬಡ್ಡಿ, ಅವಧಿ ಮುಗಿದಾಗ ಅಸಲು. ಇಲ್ಲೂ ಕಣ್ಣು ಮುಚ್ಚಬೇಡಿ. ನಿಮ್ಮ ಬಾಂಡು ನೂರಕ್ಕೆ ಏಳು ಕೊಡುತ್ತಿರುವಾಗ ಹೊಸದು ಎಂಟು ಕೊಟ್ಟರೆ, ಹಳೆಯದನ್ನು ಪೂರ್ತಿ ಬೆಲೆಗೆ ಯಾರೂ ಕೊಳ್ಳುವುದಿಲ್ಲ. ಅವಧಿ ಉದ್ದವಿದ್ದಷ್ಟೂ ಬೆಲೆ ಹೆಚ್ಚು ಬೀಳುತ್ತದೆ. ಆದ್ದರಿಂದ ದುಡ್ಡು ಯಾವಾಗ ಬೇಕೋ ಆಗ ಮುಗಿಯುವ ಬಾಂಡು ಕೊಳ್ಳಿ. ಕಂಪನಿ ಬಾಂಡು ಹೆಚ್ಚು ಬಡ್ಡಿ ಕೊಟ್ಟರೆ ಹೆಚ್ಚು ಅನುಮಾನಿಸಿ. ಅತ್ಯುತ್ತಮ ರೇಟಿಂಗ್ ಹೊತ್ತಿದ್ದ ಐಎಲ್ ಅಂಡ್ ಎಫ್‌ಎಸ್ ಕೂಡ 2018ರಲ್ಲಿ ಸಾಲ ತೀರಿಸಲಾಗದೆ ಕೈ ಎತ್ತಿತು.

ಅಪಾಯ ನಿಭಾಯಿಸುವ ವಿದ್ಯೆ ಇಷ್ಟೇ: ಎಷ್ಟು ಗೆಲ್ಲುತ್ತೇನೆ ಎಂದು ಕೇಳುವ ಮೊದಲು, ಎಷ್ಟು ಹೋದರೆ ಮನೆಯ ಒಲೆ ಆರುವುದಿಲ್ಲ ಎಂದು ಕೇಳಿಕೊಳ್ಳಿ. ಫೀಸಿನ ಹಣ, ಬಾಡಿಗೆಯ ಹಣ, ಸಾಲದ ಹಣ ಪೇಟೆಗೆ ಇಳಿಯಕೂಡದು. ಹೋದದ್ದನ್ನು ಅಲ್ಲೇ ಹುಡುಕಬೇಡಿ.

ಹುಡುಗನಿಗೆ ಮುಂಗಡ ಕೊಡಲಿಲ್ಲ. ನಾನೇ ಕಾಲೇಜಿಗೆ ಹೋಗಿ ತಂಗಿಯ ಫೀಸು ಕಟ್ಟಿ ಬಂದೆ. ತಿಂಗಳಿಗಿಷ್ಟು ಅಂತ ಸಂಬಳದಲ್ಲಿ ಹಿಡಿಯುತ್ತೇನೆ. ಅವನಿಗೆ ನನ್ನ ಮೇಲೆ ಸಿಟ್ಟಿದೆ. ಇರಲಿ. ರಸೀದಿ ನನ್ನ ಮೇಜಿನ ಡ್ರಾಯರಿನಲ್ಲಿದೆ.