ಗೆದ್ದದ್ದು ನ್ಯಾಯ, ಸಿಗದೆ ಹೋದದ್ದು ಸೀಟು

ಮಡಿಕೇರಿಯಲ್ಲಿ ಸರ್ಕಾರಿ ವೈದ್ಯಕೀಯ ಕಾಲೇಜು 2016ರಲ್ಲಿ ಆರಂಭವಾಯಿತು. ನಾಪೋಕ್ಲಿನ ಗಿರಣಿ ಕೆಲಸಗಾರನೂ ಸಂತೆಯ ವ್ಯಾಪಾರಿಯೂ ತಮ್ಮ ಮಕ್ಕಳು ಡಾಕ್ಟರಾಗಬಹುದೆಂದು ಆಸೆಪಡುವುದಕ್ಕೆ ಈಗ ಆಧಾರವುಂಟು. ಆದರೆ ಕಾಲೇಜು ಹತ್ತಿರ ಬಂದ ಮಾತ್ರಕ್ಕೆ ಸೀಟು ಹತ್ತಿರ ಬರಲಿಲ್ಲ. ಪರೀಕ್ಷೆ ಮುಗಿದ ಮೇಲೆ ಬಡವನ ಮಗು ನಿಲ್ಲುವುದು ಕಾಯುವವರ ಪಟ್ಟಿಯಲ್ಲಿ. ಆ ಪಟ್ಟಿ ಹೇಗೆ ಸರಿಯುತ್ತದೆಂಬುದೇ ನಮ್ಮ ಪ್ರಶ್ನೆ.

ಸೀಟಿನ ವ್ಯಾಜ್ಯ ನಮ್ಮ ನಾಡಿಗೆ ಹೊಸದಲ್ಲ. 1991ರಲ್ಲಿ ಮೀರತ್ತಿನ ವಿದ್ಯಾರ್ಥಿನಿಯೊಬ್ಬಳು ತುಮಕೂರಿನ ಖಾಸಗಿ ವೈದ್ಯಕೀಯ ಕಾಲೇಜಿಗೆ ಅರ್ಜಿ ಹಾಕಿದಳು. ಆಗ ಸರ್ಕಾರಿ ಸೀಟಿಗೆ ವರ್ಷಕ್ಕೆ 2,000 ರೂಪಾಯಿ, ಉಳಿದ ಕನ್ನಡನಾಡಿನವರಿಗೆ 25,000, ಹೊರರಾಜ್ಯದವರಿಗೆ 60,000. ಕ್ಯಾಪಿಟೇಷನ್ ವಸೂಲಿಯನ್ನು ನಿಷೇಧಿಸಿದ 1984ರ ಕಾನೂನಿನ ಅಡಿಯಲ್ಲೇ ಈ ದರಪಟ್ಟಿ ಹೊರಟಿತ್ತು! 1992ರ ಜುಲೈ 30ರಂದು ಸುಪ್ರೀಂ ಕೋರ್ಟು ಈ ವಸೂಲಿ ಸಲ್ಲದೆಂದು ತೀರ್ಪಿತ್ತಿತು. ಆದರೆ ದಾವೆ ಹೂಡಿದ ಹುಡುಗಿಗೆ ಸೀಟು ದೊರೆಯಲಿಲ್ಲ. ಪಾಠ ಆರಂಭವಾಗಿ ವರ್ಷ ಕಳೆದಿತ್ತೆಂಬುದೂ ಅದಕ್ಕೊಂದು ಕಾರಣ. ಆ ತೀರ್ಪಿನ ಹಲವು ಅಂಶಗಳನ್ನು ಅದೇ ಕೋರ್ಟು 1993ರಲ್ಲೂ 2002ರಲ್ಲೂ ಬದಲಿಸಿತು. ಆದರೆ ಅದರ ಪಾಠ ಅಳಿದಿಲ್ಲ: ಹೊತ್ತು ಮೀರಿ ಬಂದ ನ್ಯಾಯ ಪುಸ್ತಕ ಸೇರುತ್ತದೆ, ಮನೆ ಸೇರುವುದಿಲ್ಲ.

2019ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಒಂದು ಹೆಜ್ಜೆ ಮುಂದಿಟ್ಟಿತು. ತನ್ನ ತಪ್ಪಿಲ್ಲದೆ ಸೀಟು ಕಳೆದುಕೊಂಡು, ತಡಮಾಡದೆ ಕೋರ್ಟಿಗೆ ಬಂದ ಅರ್ಹ ವಿದ್ಯಾರ್ಥಿಗೆ ಬರಿಯ ಪರಿಹಾರದ ಹಣ ಸಾಲದು. ಅಪರೂಪದ ಸಂದರ್ಭಗಳಲ್ಲಿ ಸೀಟನ್ನೇ ಕೊಡಿಸಬಹುದು, ಆ ವರ್ಷ ಆಗದಿದ್ದರೆ ಮುಂದಿನ ವರ್ಷವಾದರೂ ಎಂದಿತು. ಒಳ್ಳೆಯದೇ. ಆದರೆ ಹೈಕೋರ್ಟು ಇಲ್ಲಿಂದ 250 ಕಿಲೋಮೀಟರಿಗೂ ದೂರ. ವಕೀಲರ ಫೀಜು, ಓಡಾಟ, ಕೂಲಿ ನಷ್ಟ ಎಲ್ಲವನ್ನೂ ಹೊತ್ತು ನಾಲ್ಕೈದು ದಿನದೊಳಗೆ ಅರ್ಜಿ ಹಾಕಬಲ್ಲವರು ಯಾರು? ಹಣವುಳ್ಳವರು ಮಾತ್ರ.

ಇನ್ನೊಂದು ಮೋಸವೂ ಉಂಟು. ಮೇಲಿನ ಸ್ಥಾನದವನೊಬ್ಬ ಸೀಟು ಹಿಡಿದಿಟ್ಟು ಕಡೆಯ ಸುತ್ತಿನಲ್ಲಿ ಬಿಡುತ್ತಾನೆ. ಅದಕ್ಕಾಗಿ ಕಾದವನು ಅಷ್ಟರಲ್ಲಿ ಬೇರೆಡೆ ಸೇರಿ ಕಟ್ಟುಬಿದ್ದಿರುತ್ತಾನೆ. ಸೀಟು ಅವನಿಗಿಂತ ಹಿಂದಿದ್ದವನ ಪಾಲು. ಸ್ನಾತಕೋತ್ತರ ಸೀಟುಗಳ ವಿಷಯದಲ್ಲಿ 2025ರಲ್ಲಿ ಸುಪ್ರೀಂ ಕೋರ್ಟು ಇದನ್ನು ಖಂಡಿಸಿ, ಹೀಗೆ ಮಾಡುವವರಿಗೆ ದಂಡನೆ ವಿಧಿಸಬೇಕೆಂದೂ ಕಾಲೇಜುಗಳು ಫೀಜನ್ನು ಮೊದಲೇ ಪ್ರಕಟಿಸಬೇಕೆಂದೂ ಆಜ್ಞಾಪಿಸಿತು. ಇದನ್ನು ಎಂ.ಬಿ.ಬಿ.ಎಸ್. ಸೀಟುಗಳಿಗೂ ಬಿಗಿಯಾಗಿ ಅನ್ವಯಿಸಬೇಕು.

ನಮ್ಮ ಬೇಡಿಕೆಗಳು ಸರಳ. ಪ್ರತಿ ಸುತ್ತಿನಲ್ಲೂ ತೆರವಾದ ಸೀಟು ಎಷ್ಟು, ಅದು ಯಾರಿಗೆ ಯಾವ ಕ್ರಮದಲ್ಲಿ ಸಂದಿತು ಎಂಬುದನ್ನು ಕರ್ನಾಟಕ ಪರೀಕ್ಷಾ ಪ್ರಾಧಿಕಾರ ಕನ್ನಡದಲ್ಲಿ, ಎಲ್ಲರಿಗೂ ತಿಳಿಯುವಂತೆ ಪ್ರಕಟಿಸಲಿ. ತಕರಾರು ಹೇಳಲು ಸಾಕಷ್ಟು ದಿನ ಕೊಡಲಿ. ಪ್ರವೇಶದ ವ್ಯಾಜ್ಯಗಳು ಕೊನೆಯ ದಿನಾಂಕಕ್ಕೆ ಮುಂಚೆಯೇ ತೀರ್ಮಾನವಾಗಲಿ.

ಓದುಗರೂ ಒಂದು ಮಾತು ನೆನಪಿಡಬೇಕು. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆಯಂತೆ ಹೆಣ್ಣುಮಕ್ಕಳು, ಪರಿಶಿಷ್ಟ ಜಾತಿ ಪಂಗಡದವರು, ಕೈಗಾರಿಕಾ ಕಾರ್ಮಿಕರು, ಕಡಿಮೆ ಆದಾಯದವರು ಉಚಿತ ವಕೀಲರ ನೆರವು ಪಡೆಯಬಹುದು. ಇದು ದಾನವಲ್ಲ, ಹಕ್ಕು. ಮಗುವಿಗೆ ಅನ್ಯಾಯವಾಯಿತೆಂದು ಕಂಡ ದಿನವೇ ಮಡಿಕೇರಿಯ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಬಾಗಿಲು ತಟ್ಟಿರಿ. ನಾಳೆ ಎಂದರೆ ಆ ಸೀಟು ಇನ್ನೊಬ್ಬರದು.