ಸಿಡಿಲು ಪಾಪ ಪುಣ್ಯ ನೋಡುವುದಿಲ್ಲ

ಬೇಸಿಗೆಯ ರಜೆಗೆಂದು ಮಾದನಹಿಪ್ಪರಗಾಕ್ಕೆ ಬಂದಿರುವ ನನ್ನ ಮೊಮ್ಮಗ ದಿನವಿಡೀ ಒಂದು ದಪ್ಪ ಇಂಗ್ಲಿಷ್ ಕಾದಂಬರಿಯಲ್ಲಿ ಮುಳುಗಿರುತ್ತಾನೆ. ಮೊನ್ನೆ ಸಂಜೆ ಪಡುವಣ ದಿಕ್ಕಿನಲ್ಲಿ ಮೋಡ ಕವಿದು ಮೊದಲ ಗುಡುಗು ಕೇಳಿಸಿದಾಗ ಪುಸ್ತಕದಿಂದ ತಲೆಯೆತ್ತಿ ಅದರ ಕಥೆ ಹೇಳಿದ. ಆ ಕಲ್ಪಿತ ಲೋಕದಲ್ಲಿ ಒಂದು ಮಾಂತ್ರಿಕ ಬಿರುಗಾಳಿ ಏಳುತ್ತದೆಯಂತೆ. ಅದರ ಮಿಂಚು ಕೊಟ್ಟ ಮಾತಿಗೆ ತಪ್ಪಿದವರನ್ನು ಹುಡುಕಿ ಹುಡುಕಿ ಸುಡುತ್ತದೆಯಂತೆ. ಒಳ್ಳೆಯವರು ನಟ್ಟನಡು ಬಯಲಿನಲ್ಲಿ ನಿಂತರೂ ಅವರ ಕೂದಲು ಕೊಂಕುವುದಿಲ್ಲವಂತೆ. “ಮುತ್ಯಾ, ನಿಮ್ಮ ಊರಾಗ ಇಂಥಾ ಗಾಳಿ ಬರ್ತದೇನು?” ಎಂದು ನಗುತ್ತ ಕೇಳಿದ. ನನಗೆ ನಗು ಬರಲಿಲ್ಲ. ಅಂಥದೇ ಸಿಡಿಲನ್ನು ನಂಬುವ ಜನರ ನಡುವೆ ನಾನು ಎಪ್ಪತ್ತಕ್ಕೂ ಹೆಚ್ಚು ವರ್ಷ ಬಾಳಿದ್ದೇನೆ.

ಗುಡುಗಿದಾಗ ನಮ್ಮ ಆಯಿ ಅರ್ಜುನನ ಹೆಸರುಗಳನ್ನು ಒಂದೊಂದಾಗಿ ಹೇಳುತ್ತ ಕಬ್ಬಿಣದ ಹಾರೆಯನ್ನು ಅಂಗಳಕ್ಕೆ ಎಸೆಯುತ್ತಿದ್ದಳು. ನಾವು ಮಕ್ಕಳು ಅವಳ ಸೆರಗಿನೊಳಗೆ ಸೇರಿ ಆ ಹೆಸರುಗಳನ್ನು ಎಣಿಸುತ್ತಿದ್ದೆವು. ಆ ನಂಬಿಕೆಯ ಮೇಲೆ ನನಗೆ ಸಿಟ್ಟಿಲ್ಲ. ಅದು ಯಾರನ್ನೂ ದೂರುತ್ತಿರಲಿಲ್ಲ. ಅಲ್ಲದೆ ಹೆಸರು ಹೇಳಿ ಮುಗಿಯುವ ತನಕ ಮಕ್ಕಳನ್ನು ಮನೆಯೊಳಗೇ ಕೂಡಿಸಿ ಇಡುತ್ತಿತ್ತು. ರಾಜರೂ ಈ ವಿಷಯದಲ್ಲಿ ನಮ್ಮ ಆಯಿಗಿಂತ ಬೇರೆಯವರಲ್ಲ. ನನ್ನೊಡನೆ ವಿಜಯಪುರದ ಪ್ರವಾಸಕ್ಕೆ ಬಂದವರಿಗೆ ಗೋಲಗುಮ್ಮಟದ ದಕ್ಷಿಣದ ಬಾಗಿಲ ಮೇಲೆ ಸರಪಳಿಯಿಂದ ತೂಗಿಬಿಟ್ಟಿರುವ ‘ಬಿಜಲಿ ಪತ್ಥರ್’ ನೆನಪಿರಬಹುದು. 1656ರಲ್ಲಿ ತೀರಿಕೊಂಡ ಮುಹಮ್ಮದ್ ಆದಿಲ್ ಶಾಹನ ಆ ಭವ್ಯ ಗೋರಿಯನ್ನು ಸಿಡಿಲಿನಿಂದ ಕಾಯಲೆಂದು ಆ ಕಲ್ಲನ್ನು ಕಟ್ಟಿದರೆಂದು ಹೇಳುತ್ತಾರೆ. ಆಕಾಶದಿಂದ ಬಿದ್ದ ಕಲ್ಲು ಆಕಾಶದ ಬೆಂಕಿಯನ್ನು ತಡೆದೀತೆಂಬ ಲೆಕ್ಕ!

ನನ್ನ ತಕರಾರು ಇರುವುದು ಇನ್ನೊಂದು ನಂಬಿಕೆಯ ಮೇಲೆ. ಸಿಡಿಲು ಬಡಿದು ಸತ್ತವನು ಪಾಪಿ, ಅಥವಾ ಅವನ ಹೆತ್ತವರು ಪಾಪಿಗಳು ಎಂಬುದು ಅದು. ಈ ನಂಬಿಕೆಯಿಂದ ಲಾಭ ಪಡೆದವರಲ್ಲಿ ನಾನೂ ಒಬ್ಬ. ಇದನ್ನು ಈವರೆಗೆ ಎಲ್ಲಿಯೂ ಬರೆದಿಲ್ಲ.

1980ರ ದಶಕದ ಒಂದು ಜೂನ್ ತಿಂಗಳು. ಆಗ ನಾನು ಮಹಾರಾಷ್ಟ್ರದ ಗಡಿಯ ಕಡೆಗಿನ ಒಂದು ಹಳ್ಳಿಯ ಶಾಲೆಯಲ್ಲಿದ್ದೆ. ಮಧ್ಯಾಹ್ನ ಮೂರೂವರೆಯ ಹೊತ್ತಿಗೆ ಮುಗಿಲು ಕಪ್ಪಿಟ್ಟು, ಮಣ್ಣಿನ ವಾಸನೆ ಹೊತ್ತ ಗಾಳಿ ಬೀಸತೊಡಗಿತು. ಹೊಲದ ಮನೆಗಳಿಂದ ಬರುವ ಮಕ್ಕಳು ದೂರ ನಡೆಯಬೇಕಲ್ಲ ಎಂಬ ಕಾಳಜಿಯಿಂದ, “ಮಳಿ ಬರೂದರೊಳಗ ಮನಿ ಮುಟ್ರಿ” ಎಂದು ಹೇಳಿ ನಾನೇ ಗಂಟೆ ಬಾರಿಸಿ ಬಿಟ್ಟುಬಿಟ್ಟೆ. ಅರ್ಧ ದಾರಿಯಲ್ಲಿ ಹನಿ ಬಿದ್ದವು. ಮೂವರು ಹುಡುಗರು ಬದುವಿನ ಮೇಲಿದ್ದ ಒಂಟಿ ಬೇವಿನ ಗಿಡದ ಕೆಳಗೆ ನಿಂತರು. ಸಿಡಿಲು ಬಿದ್ದಾಗ ಇಬ್ಬರು ಅತ್ತ ಎಗರಿ ಬಿದ್ದು ಬದುಕಿಕೊಂಡರು. ಮೂರನೆಯವನು ಗಿಡದ ಬೊಡ್ಡೆಗೆ ಒರಗಿ ನಿಂತಿದ್ದ.

ಸುದ್ದಿ ತಿಳಿದು ನಾನು ಓಡಿದೆ. ಹತ್ತಿರದ ಹೊಲದವರು ಆಗಲೇ ಸುತ್ತ ನಿಂತಿದ್ದರು. ಯಾರೂ ಅವನನ್ನು ಮುಟ್ಟಿರಲಿಲ್ಲ. ಸಿಡಿಲು ಬಡಿದವನ ಮೈಯಲ್ಲಿ ಅದರ ಬೆಂಕಿ ಇನ್ನೂ ಇರುತ್ತದೆ ಎಂದರು ಒಬ್ಬರು. ತಿಪ್ಪೆಯ ಗೊಬ್ಬರದಲ್ಲಿ ಹೂತಿಟ್ಟರೆ ಅದು ಇಳಿಯುತ್ತದೆ ಎಂದರು ಇನ್ನೊಬ್ಬರು. ಬೆಂಜಮಿನ್ ಫ್ರಾಂಕ್ಲಿನ್ 1752ರಲ್ಲಿ ಗಾಳಿಪಟ ಹಾರಿಸಿದ ಪಾಠವನ್ನು ಕಪ್ಪು ಹಲಗೆಯ ಮೇಲೆ ಚಿತ್ರ ಬರೆದು ಕಲಿಸುತ್ತಿದ್ದ ನಾನು, ವಿಜ್ಞಾನದ ಮಾಸ್ತರ, ಅವರೆಲ್ಲರ ಜೊತೆಗೆ ಕೈಕಟ್ಟಿ ನಿಂತೆ.

ಇಂದು ನನಗೆ ತಿಳಿದಿರುವುದು ಇಷ್ಟು. ಸಿಡಿಲು ಬಡಿದವರ ದೇಹದಲ್ಲಿ ವಿದ್ಯುತ್ತು ಉಳಿಯುವುದಿಲ್ಲ, ತಕ್ಷಣ ಮುಟ್ಟಬಹುದು. ಸಿಡಿಲು ತಾಗಿದವರಲ್ಲಿ ಬಹುಪಾಲು ಜನ ಬದುಕುತ್ತಾರೆ. ಸಾಯುವವರು ಹೆಚ್ಚಾಗಿ ಹೃದಯ ನಿಂತು ಸಾಯುತ್ತಾರೆ. ಉಸಿರಿಲ್ಲದಿದ್ದರೆ ಆಗಲೇ ಎದೆಯ ನಡುವೆ ಎರಡೂ ಕೈಯಿಟ್ಟು ನಿಮಿಷಕ್ಕೆ 100ರಿಂದ 120 ಸಲ ಬಲವಾಗಿ ಒತ್ತುತ್ತಿರಬೇಕು, ಇನ್ನೊಬ್ಬರು 108ಕ್ಕೆ ಕರೆ ಮಾಡಬೇಕು. ಹಾಗೆ ಮಾಡಿದ್ದರೆ ಆ ಹುಡುಗ ಬದುಕುತ್ತಿದ್ದನೇ? ಹೇಳಲಾರೆ. ಯಾರೂ ಮಾಡಲಿಲ್ಲ ಎಂಬುದಷ್ಟೇ ನಿಜ.

ಮಣ್ಣಿಗೆ ಬಂದವರು “ಯಾವ ಜನ್ಮದ ಪಾಪವೋ” ಎಂದರು. ಅವನ ತಾಯಿಯ ಎದುರಿಗೇ ಅಂದರು. ಆ ವರ್ಷ ಅವಳನ್ನು ಯಾರೂ ಮದುವೆ ಮುಂಜಿಗೆ ಕರೆಯಲಿಲ್ಲ. ಪಾಪದ ಲೆಕ್ಕ ಅವಳ ಹೆಸರಿಗೆ ಬಿದ್ದ ಮೇಲೆ ಬೇರೆ ಪ್ರಶ್ನೆಗಳು ಏಳಲೇ ಇಲ್ಲ. ಗುಡುಗುವ ಹೊತ್ತಿನಲ್ಲಿ ಶಾಲೆ ಬಿಟ್ಟವರು ಯಾರು ಎಂದು ಯಾರೂ ಕೇಳಲಿಲ್ಲ. ಗಿಡದ ಕೆಳಗೆ ನಿಲ್ಲಬಾರದೆಂದು ಮಕ್ಕಳಿಗೆ ಕಲಿಸಿದ್ದಿರಾ ಎಂದೂ ಕೇಳಲಿಲ್ಲ. ನಾನು ಮರುದಿನ ಹಾಜರಿ ಕರೆದೆ, ಪಾಠ ಮಾಡಿದೆ. ಆ ತಾಯಿ ದೇವರ ಶಿಕ್ಷೆ ಎಂದು ತಲೆತಗ್ಗಿಸಿ ನಡೆದಳು. ನಾನು ಗೌರವದ ನಮಸ್ಕಾರಗಳನ್ನು ಪಡೆಯುತ್ತ ನಡೆದೆ.

ರಾಷ್ಟ್ರೀಯ ಅಪರಾಧ ದಾಖಲೆಗಳ ಬ್ಯೂರೋದ ವರದಿಯಂತೆ 2022ರಲ್ಲಿ ನಮ್ಮ ದೇಶದಲ್ಲಿ ಸಿಡಿಲಿಗೆ ಬಲಿಯಾದವರು 2,887 ಜನ. ಇವರಲ್ಲಿ ಹೆಚ್ಚಿನವರು ಹೊಲದಲ್ಲಿ ದುಡಿಯುವವರು, ಕುರಿ ದನ ಕಾಯುವವರು. ಪಾಪಿಗಳೆಲ್ಲ ವರ್ಷವರ್ಷವೂ ಕಳೆ ತೆಗೆಯಲು, ಕುರಿ ಮೇಯಿಸಲು ಮಾತ್ರ ಹೋಗುತ್ತಾರೆಯೆ? ನಮ್ಮದು ಎರೆಮಣ್ಣಿನ ಬಯಲುಸೀಮೆ. ತೊಗರಿ, ಜೋಳದ ಹೊಲಗಳ ನಡುವೆ ಒಂಟಿ ಗಿಡವೇ ಎತ್ತರದ ವಸ್ತು. ಸಿಡಿಲಿಗೆ ಅದೇ ಹತ್ತಿರ. ಗಿಡಕ್ಕೆ ಬಡಿದದ್ದು ಪಕ್ಕದವರಿಗೆ ಹಾರುತ್ತದೆ, ಬುಡದಿಂದ ನೆಲದಲ್ಲಿ ಹರಡಿ ಕಾಲುಗಳ ಮೂಲಕ ಮೈ ಹೊಗುತ್ತದೆ. ಮುಂಗಾಲು ಹಿಂಗಾಲುಗಳ ನಡುವೆ ಅಂತರ ಹೆಚ್ಚಿರುವುದರಿಂದಲೇ ಗಿಡದ ಕೆಳಗೆ ಕಟ್ಟಿದ ಎತ್ತು, ಎಮ್ಮೆಗಳು ಒಮ್ಮೆಲೇ ಸಾಯುತ್ತವೆ. ಆ ಮೂಕ ಪ್ರಾಣಿಗಳು ಯಾರಿಗೆ ಮಾತು ಕೊಟ್ಟು ತಪ್ಪಿದ್ದವು?

ಈಗ ಮುನ್ಸೂಚನೆಗೆ ಮೊಬೈಲಿನಲ್ಲಿ ಪುಣೆಯ ಉಷ್ಣವಲಯ ಹವಾಮಾನ ಸಂಸ್ಥೆಯವರು ರೂಪಿಸಿದ ‘ದಾಮಿನಿ’ ಇದೆ. ನಮ್ಮ ರಾಜ್ಯದ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರವೂ ‘ಸಿಡಿಲು’ ಎಂಬ ಆ್ಯಪ್ ತಂದಿತು. ಸಂತೋಷವೇ. ಆದರೆ ಆ ಮೊಬೈಲು ಹೊಲದ ಯಜಮಾನನ ಕಿಸೆಯಲ್ಲಿ ಊರೊಳಗೆ ಇರುತ್ತದೆ, ಕೂಲಿಯ ಹೆಣ್ಣುಮಕ್ಕಳು ಎರಡು ಮೈಲಿ ಆಚೆ ಬಗ್ಗಿ ಕಳೆ ತೆಗೆಯುತ್ತಿರುತ್ತಾರೆ. ಗುಡಿ, ಮಸೀದಿ, ಪಂಚಾಯಿತಿಗಳ ಧ್ವನಿವರ್ಧಕಗಳು ಜಾತ್ರೆಯ ಸುದ್ದಿ ಹೇಳುವಂತೆ ಇದನ್ನೂ ಹೇಳಬಾರದೇಕೆ? ಮೊಬೈಲು ಸಿಡಿಲನ್ನು ಸೆಳೆಯುತ್ತದೆ ಎಂದು ನನಗೆ ಪದೇ ಪದೇ ಸಂದೇಶ ಕಳಿಸುವ ಬಂಧುಗಳಿಗೆ ಒಂದು ಮಾತು: ಸೆಳೆಯುವುದಿಲ್ಲ. ಕಿಸೆಯಲ್ಲಿರಲಿ.

ನನ್ನ ಶಿಷ್ಯರಲ್ಲಿ ಹಲವರು ಈಗ ಶಿಕ್ಷಕರಾಗಿದ್ದೀರಿ. ಶಾಲೆ ಆರಂಭವಾಗುವುದೂ ಮಿರಗದ ಮಳೆಯ ಗುಡುಗೂ ಒಂದೇ ಹೊತ್ತಿಗೆ ಬರುತ್ತವೆ. ಮೊದಲ ವಾರದಲ್ಲಿಯೇ ಮಕ್ಕಳಿಗೆ ಎಣಿಸಲು ಕಲಿಸಿರಿ: ಮಿಂಚು ಕಂಡು ಮೂವತ್ತು ಎಣಿಸುವುದರೊಳಗೆ ಗುಡುಗು ಕೇಳಿದರೆ ಸಿಡಿಲು ಹತ್ತು ಕಿಲೋಮೀಟರಿನೊಳಗೆ ಇದೆ, ಗಟ್ಟಿ ಕಟ್ಟಡದೊಳಗೆ ಸೇರಬೇಕು. ಕೊನೆಯ ಗುಡುಗಿನ ಮೇಲೆ ಅರ್ಧ ಗಂಟೆ ಕಳೆಯುವ ತನಕ ಗಂಟೆ ಬಾರಿಸಬೇಡಿರಿ. ಪಾಲಕರು ಬಂದು ಜಗಳವಾಡಿದರೂ ಬಾರಿಸಬೇಡಿರಿ.

ಬೇವಿನ ಗಿಡದ ಕೆಳಗೆ ಅಂದು ಬದುಕಿ ಉಳಿದ ಇಬ್ಬರಲ್ಲಿ ಒಬ್ಬ ನನ್ನ ಬರಹಗಳನ್ನು ತಪ್ಪದೆ ಓದುತ್ತಾನೆ. ಗಂಟೆ ಬಾರಿಸಿದವನು ನಾನೆಂದು ಅವನಿಗೆ ಗೊತ್ತು, ಆದರೂ ಇಷ್ಟು ವರ್ಷಗಳಲ್ಲಿ ಒಮ್ಮೆಯೂ ಆ ಮಾತು ಎತ್ತಿಲ್ಲ. ಮುಂದಿನ ಸಲ ಊರಿಗೆ ಬಂದಾಗ ಮನೆಗೆ ಬಾರಪ್ಪ. ಈ ಸಲ ನಾನೇ ಎತ್ತುತ್ತೇನೆ.